ಡಖಾವ್: ಬಾಗಿಲು ತೆರೆದ ಆ ಭಾನುವಾರ

ಎರಡನೆಯ ಮಹಾಯುದ್ಧ ಮುಗಿಯುತ್ತಿದ್ದ 1945ರ ಮೊದಲ ತಿಂಗಳುಗಳಲ್ಲಿ ಯುರೋಪಿನ ಯಾತನಾ ಶಿಬಿರಗಳ ಬಾಗಿಲುಗಳು ಒಂದರ ಹಿಂದೆ ಒಂದರಂತೆ ತೆರೆದುಕೊಂಡವು. ಜನವರಿ 27ರಂದು ಸೋವಿಯತ್ ಸೇನೆ ಪೋಲೆಂಡಿನ ಆಶ್‌ವಿಟ್ಝ್ ತಲುಪಿತು. ಎಪ್ರಿಲ್ 11ರಂದು ಅಮೆರಿಕದ ಸೈನಿಕರು ಬುಖೆನ್‌ವಾಲ್ಡ್‌ಗೆ ಬಂದರು. ಎಪ್ರಿಲ್ 15ರಂದು ಬ್ರಿಟಿಷರು ಬೆರ್ಗೆನ್-ಬೆಲ್ಸನ್ ಪ್ರವೇಶಿಸಿದರು. ಎಪ್ರಿಲ್ 29, ಭಾನುವಾರ, ಮ್ಯೂನಿಕ್ ನಗರದ ಸಮೀಪದ ಡಖಾವ್ ಶಿಬಿರ ಅಮೆರಿಕನ್ನರ ವಶವಾಯಿತು. ಮರುದಿನ ಬರ್ಲಿನ್‌ನ ನೆಲಮಾಳಿಗೆಯಲ್ಲಿ ಹಿಟ್ಲರ್ ಆತ್ಮಹತ್ಯೆ ಮಾಡಿಕೊಂಡ.

ಇವುಗಳಲ್ಲಿ ನಾವು ಡಖಾವನ್ನು ಆರಿಸಿಕೊಂಡುದಕ್ಕೆ ಕಾರಣಗಳಿವೆ. ಹಿಟ್ಲರ್ ಅಧಿಕಾರಕ್ಕೆ ಬಂದು ಎರಡು ತಿಂಗಳು ತುಂಬುವ ಮೊದಲೇ ಆರಂಭವಾಗಿ, ಅವನ ಆಡಳಿತದ ಹನ್ನೆರಡು ವರ್ಷವೂ ನಡೆದ ಶಿಬಿರ ಇದು. ಉಳಿದ ಶಿಬಿರಗಳಿಗೆ ಮಾದರಿಯೂ ಇದೇ. ಮೈಸೂರಿನ ಹುಲಿಯ ವಂಶದ ಕುಡಿಯೊಂದು ಕೊನೆಯುಸಿರೆಳೆದದ್ದೂ ಇಲ್ಲಿಯೇ. ಎಲ್ಲಕ್ಕಿಂತ ಮುಖ್ಯವಾಗಿ, ‘ಬಿಡುಗಡೆ’ ಎಂಬ ಮಾತಿನ ಅರ್ಥವೇನು ಎಂಬ ಪ್ರಶ್ನೆಯನ್ನು ಡಖಾವ್ ನಮ್ಮ ಮುಂದಿಡುತ್ತದೆ. ಬಾಗಿಲು ತೆರೆದ ಕ್ಷಣಕ್ಕೆ ಬಿಡುಗಡೆ ಪೂರ್ಣವಾಗುತ್ತದೆಯೇ?

ಕಾನೂನಿನ ಹೆಸರಿನಲ್ಲಿ

1933ರ ಜನವರಿ 30ರಂದು ಹಿಟ್ಲರ್ ಜರ್ಮನಿಯ ಚಾನ್ಸೆಲರ್ ಆದ. ಫೆಬ್ರವರಿ 27ರ ರಾತ್ರಿ ಬರ್ಲಿನ್‌ನ ಸಂಸತ್ ಭವನಕ್ಕೆ ಬೆಂಕಿ ಬಿತ್ತು. ಮರುದಿನವೇ ‘ಜನತೆ ಮತ್ತು ರಾಷ್ಟ್ರದ ರಕ್ಷಣೆ’ಯ ಹೆಸರಿನಲ್ಲಿ ಸುಗ್ರೀವಾಜ್ಞೆಯೊಂದು ಹೊರಬಿತ್ತು. ವಾಕ್ ಸ್ವಾತಂತ್ರ್ಯ, ಪತ್ರಿಕಾ ಸ್ವಾತಂತ್ರ್ಯ, ಸಭೆ ಸೇರುವ ಹಕ್ಕು ಎಲ್ಲವೂ ಅಮಾನತುಗೊಂಡವು. ಯಾರನ್ನು ಬೇಕಾದರೂ ಆರೋಪಪಟ್ಟಿಯಿಲ್ಲದೆ, ನ್ಯಾಯಾಲಯದ ಮುಂದೆ ಹಾಜರುಪಡಿಸದೆ, ಎಷ್ಟು ಕಾಲವಾದರೂ ಕೂಡಿಡುವ ಅಧಿಕಾರ ಪೊಲೀಸರ ಕೈಗೆ ಬಂತು. ಅದಕ್ಕೆ ಅವರು ಇಟ್ಟ ಹೆಸರು ‘ರಕ್ಷಣಾತ್ಮಕ ಬಂಧನ’. ಯಾರ ರಕ್ಷಣೆ ಎಂದು ಕೇಳುವವರೇ ಒಳಗೆ ಹೋದರು.

ಮಾರ್ಚ್ 20ರಂದು ಆಗ ಮ್ಯೂನಿಕ್‌ನ ಪೊಲೀಸ್ ಮುಖ್ಯಸ್ಥನಾಗಿದ್ದ ಹೈನ್‌ರಿಶ್ ಹಿಮ್ಲರ್, ಡಖಾವ್ ಎಂಬ ಊರಿನ ಬಳಿ ಐದು ಸಾವಿರ ಜನರನ್ನು ಹಿಡಿಸುವ ಶಿಬಿರ ತೆರೆಯುತ್ತಿರುವುದಾಗಿ ಪ್ರಕಟಿಸಿದ. ಇದು ಗುಟ್ಟಾಗಿ ನಡೆದ ಕೆಲಸವಲ್ಲ. ಮರುದಿನದ ಪತ್ರಿಕೆಯಲ್ಲಿ ಸುದ್ದಿ ಅಚ್ಚಾಯಿತು. ಮಾರ್ಚ್ 22ರಂದು ಮೊದಲ ಕೈದಿಗಳು ಬಂದಿಳಿದರು. ಸ್ಥಳ, ಮೊದಲ ಮಹಾಯುದ್ಧದ ಕಾಲದ ಪಾಳುಬಿದ್ದ ಮದ್ದುಗುಂಡು ಕಾರ್ಖಾನೆ. ಹೀಗೆ ಬಂದವರು ಕಮ್ಯುನಿಸ್ಟರು, ಸಮಾಜವಾದಿಗಳು, ಕಾರ್ಮಿಕ ಸಂಘಗಳ ನಾಯಕರು, ಅಂದರೆ ವಿರೋಧಿಸಿ ಮಾತಾಡಬಲ್ಲವರು. ಯಹೂದಿಯರನ್ನು ಯಹೂದಿಯರೆಂಬ ಒಂದೇ ಕಾರಣಕ್ಕೆ ಸಾವಿರಗಟ್ಟಲೆ ಇಲ್ಲಿಗೆ ತಂದು ತುಂಬಿದ್ದು ಐದು ವರ್ಷಗಳ ನಂತರ. 1938ರ ನವೆಂಬರ್‌ನಲ್ಲಿ ಜರ್ಮನಿಯಾದ್ಯಂತ ಅವರ ಪ್ರಾರ್ಥನಾ ಮಂದಿರಗಳಿಗೆ ಬೆಂಕಿ ಹಚ್ಚಿದ ಮೇಲೆ ಹತ್ತು ಸಾವಿರಕ್ಕೂ ಹೆಚ್ಚು ಯಹೂದಿ ಪುರುಷರು ಡಖಾವ್ ಸೇರಿದರು. ಪ್ರತಿಭಟಿಸಬಲ್ಲವರ ಬಾಯಿ ಕಟ್ಟುವ ಕೆಲಸ ಅಷ್ಟರಲ್ಲಿ ಮುಗಿದಿತ್ತು. ಈ ಅನುಕ್ರಮವನ್ನು ನಾವು ಗಮನಿಸಬೇಕು.

1933ರ ಎಪ್ರಿಲ್ 11ರಂದು ಶಿಬಿರದ ಕಾವಲು ರಾಜ್ಯ ಪೊಲೀಸರಿಂದ ನಾಝಿ ಪಕ್ಷದ ಸಶಸ್ತ್ರ ಪಡೆಯಾದ ಎಸ್‌ಎಸ್‌ನ ಕೈಗೆ ಹೋಯಿತು. ಮರುದಿನವೇ ನಾಲ್ವರು ಯಹೂದಿ ಕೈದಿಗಳಿಗೆ ಗುಂಡಿಕ್ಕಲಾಯಿತು. ‘ತಪ್ಪಿಸಿಕೊಳ್ಳಲು ಯತ್ನಿಸಿದರು’ ಎಂಬುದು ಶಿಬಿರದವರ ವಿವರಣೆ. ಮ್ಯೂನಿಕ್‌ನ ಸರಕಾರಿ ಅಭಿಯೋಜಕ ಯೋಸೆಫ್ ಹಾರ್ಟಿಂಗರ್ ಇದನ್ನು ನಂಬಲಿಲ್ಲ. ವೈದ್ಯ ಮೊರಿಟ್ಜ್ ಫ್ಲಾಮ್ ಜೊತೆ ಆತ ಶಿಬಿರಕ್ಕೆ ಹೋಗಿ ಶವಗಳ ಗಾಯಗಳನ್ನು ಪರೀಕ್ಷಿಸಿ, ಸಾಕ್ಷ್ಯ ಸಂಗ್ರಹಿಸಿ, ಶಿಬಿರದ ಅಧಿಕಾರಿಗಳ ಮೇಲೆ ಕೊಲೆ ಮೊಕದ್ದಮೆಯ ಕಾಗದಪತ್ರ ಸಿದ್ಧಪಡಿಸಿದ. ಮೇಲಧಿಕಾರಿಗಳು ಧೈರ್ಯ ಮಾಡಲಿಲ್ಲ. ಕಡತ ಬೀಗದೊಳಗೆ ಹೋಯಿತು. ಮೊದಲ ಕಮಾಂಡೆಂಟ್‌ನನ್ನು ಬದಲಿಸಲಾಯಿತು ಅಷ್ಟೇ. ಅವನ ಸ್ಥಾನಕ್ಕೆ ಬಂದ ಥಿಯೋಡೋರ್ ಐಕ್ ಅವನಿಗಿಂತಲೂ ಕ್ರೂರಿ.

ಆದರೆ ಹಾರ್ಟಿಂಗರನ ಶ್ರಮ ವ್ಯರ್ಥವಾಗಲಿಲ್ಲ. ಯುದ್ಧಾನಂತರ ಆ ಕಡತಗಳು ಸಿಕ್ಕಿದವು, ನ್ಯೂರೆಂಬರ್ಗ್ ವಿಚಾರಣೆಯಲ್ಲಿ ಸಾಕ್ಷ್ಯವಾದವು. ಒಬ್ಬ ಸಾಮಾನ್ಯ ಸರಕಾರಿ ನೌಕರ ತನ್ನ ಕರ್ತವ್ಯವನ್ನಷ್ಟೇ ಮಾಡಿದ್ದ. ಅವನಂತಹ ನೂರು ಜನ ಆ ವಸಂತದಲ್ಲಿ ಇದ್ದಿದ್ದರೆ ಎಂದು ಅನಿಸದಿರದು.

ಒಳಗಿನ ಲೋಕ

ಐಕ್ ರೂಪಿಸಿದ ಶಿಕ್ಷೆಯ ನಿಯಮಾವಳಿ ಮುಂದೆ ಎಲ್ಲ ಶಿಬಿರಗಳಿಗೂ ಅನ್ವಯವಾಯಿತು. ಆಶ್‌ವಿಟ್ಝ್‌ನ ಕಮಾಂಡೆಂಟ್ ಆದ ರುಡಾಲ್ಫ್ ಹೋಸ್ ಕೆಲಸ ಕಲಿತದ್ದು ಡಖಾವ್‌ನಲ್ಲಿ. ಹೆಬ್ಬಾಗಿಲ ಕಬ್ಬಿಣದ ಸರಳುಗಳಲ್ಲಿ ‘ದುಡಿಮೆ ಸ್ವತಂತ್ರಗೊಳಿಸುತ್ತದೆ’ ಎಂಬ ಅಕ್ಷರಗಳಿದ್ದವು. ಅದರಡಿಯಲ್ಲಿ ಹಾದುಹೋದವನ ಹೆಸರು ಅಳಿದು ಸಂಖ್ಯೆ ಉಳಿಯುತ್ತಿತ್ತು. ಎದೆಯ ಮೇಲೆ ಬಣ್ಣದ ತ್ರಿಕೋನ. ರಾಜಕೀಯ ಕೈದಿಗೆ ಕೆಂಪು, ಅಪರಾಧಿಗೆ ಹಸಿರು, ‘ಸಮಾಜಘಾತುಕ’ನೆಂದು ಹಣೆಪಟ್ಟಿ ಕಟ್ಟಿಸಿಕೊಂಡವನಿಗೆ ಕಪ್ಪು, ಯೆಹೋವನ ಸಾಕ್ಷಿಗಳಿಗೆ ನೇರಳೆ, ಸಲಿಂಗಿಗಳಿಗೆ ಗುಲಾಬಿ, ಯಹೂದಿಯರಿಗೆ ಹಳದಿ. ಮನುಷ್ಯನನ್ನು ಮನುಷ್ಯನಿಂದ ಬೇರ್ಪಡಿಸಲು ಒಂದು ಚೂರು ಬಟ್ಟೆ ಸಾಕಾಗುತ್ತದೆ.

ಯುದ್ಧ ಶುರುವಾದ ಮೇಲೆ ಆಕ್ರಮಿತ ದೇಶಗಳಿಂದ ಕೈದಿಗಳು ಬರತೊಡಗಿದರು. ಪೋಲೆಂಡಿನವರು ಅತಿ ಹೆಚ್ಚು. ಸುಮಾರು 2,700 ಕ್ರೈಸ್ತ ಧರ್ಮಗುರುಗಳನ್ನು ಇಲ್ಲಿ ಪ್ರತ್ಯೇಕ ಬರಾಕುಗಳಲ್ಲಿ ಇಡಲಾಗಿತ್ತು. ಅವರಲ್ಲಿ ಒಂದು ಸಾವಿರಕ್ಕೂ ಹೆಚ್ಚು ಮಂದಿ ಸತ್ತರು. ಮೊದಲು ಹಿಟ್ಲರನನ್ನು ಸ್ವಾಗತಿಸಿ, ಆಮೇಲೆ ಅವನನ್ನು ಎದುರಿಸಿ ನಿಂತ ಪಾದ್ರಿ ಮಾರ್ಟಿನ್ ನೀಮೊಲರ್ 1941ರಿಂದ ಇಲ್ಲಿದ್ದರು. 1939ರಲ್ಲಿ ಮ್ಯೂನಿಕ್‌ನಲ್ಲಿ ಹಿಟ್ಲರನನ್ನು ಬಾಂಬಿಟ್ಟು ಕೊಲ್ಲಲೆತ್ನಿಸಿದ ಬಡಗಿ ಗೇಯೋರ್ಗ್ ಎಲ್ಸರ್‌ನನ್ನು, ಬಿಡುಗಡೆಗೆ ಇನ್ನು ಇಪ್ಪತ್ತು ದಿನವಿದ್ದಾಗ, ಎಪ್ರಿಲ್ 9ರಂದು ಇಲ್ಲಿಯೇ ಕೊಂದರು.

ಡಖಾವ್ ಆಶ್‌ವಿಟ್ಝ್‌ನಂತೆ ಸಾಮೂಹಿಕ ವಿಷಾನಿಲ ಹತ್ಯೆಗೆಂದೇ ಕಟ್ಟಿದ ಕೇಂದ್ರವಲ್ಲ. ಇಲ್ಲಿ ವಿಷಾನಿಲದ ಕೋಣೆ ಕಟ್ಟಿದ್ದರೂ ಸಾಮೂಹಿಕ ಹತ್ಯೆಗೆ ಅದನ್ನು ಬಳಸಲಿಲ್ಲ. ಆದರೆ ದುಡಿಯಲಾಗದ ಸುಮಾರು 2,500 ಕೈದಿಗಳನ್ನು ಆಸ್ಟ್ರಿಯಾದ ಹಾರ್ಟ್‌ಹೈಮ್ ಕೋಟೆಗೆ ಸಾಗಿಸಿ ಅಲ್ಲಿ ವಿಷಾನಿಲದಿಂದ ಕೊಂದರು. ಸಮೀಪದ ಹೆಬೆರ್ಟ್ಸ್‌ಹೌಸೆನ್‌ನ ಗುಂಡು ಹಾರಿಸುವ ಮೈದಾನದಲ್ಲಿ 1941 ಮತ್ತು 1942ರಲ್ಲಿ ನಾಲ್ಕು ಸಾವಿರಕ್ಕೂ ಹೆಚ್ಚು ಸೋವಿಯತ್ ಯುದ್ಧಕೈದಿಗಳನ್ನು ಸಾಲಾಗಿ ನಿಲ್ಲಿಸಿ ಕೊಂದರು. ಎಸ್‌ಎಸ್ ವೈದ್ಯ ಸಿಗ್‌ಮುಂಡ್ ರಾಷರ್ ಕೈದಿಗಳನ್ನು ಗಂಟೆಗಟ್ಟಲೆ ಹಿಮದ ನೀರಿನಲ್ಲಿ ಮುಳುಗಿಸಿ, ಗಾಳಿ ತೆಗೆದ ಪೆಟ್ಟಿಗೆಯಲ್ಲಿ ಕೂರಿಸಿ ‘ಪ್ರಯೋಗ’ ನಡೆಸಿದ. ಕ್ಲೌಸ್ ಶಿಲಿಂಗ್ ಎಂಬ ಹಿರಿಯ ವಿಜ್ಞಾನಿ ಸುಮಾರು ಒಂದು ಸಾವಿರ ಕೈದಿಗಳಿಗೆ ಮಲೇರಿಯಾ ಅಂಟಿಸಿ ಪರೀಕ್ಷಿಸಿದ. ಇವರು ಓದಿಲ್ಲದ ಪುಂಡರಲ್ಲ. ವಿದ್ಯೆ ಇದ್ದ ಮಾತ್ರಕ್ಕೆ ವಿವೇಕ ಇರುತ್ತದೆಂಬ ನಮ್ಮ ನಂಬಿಕೆಯನ್ನು ಡಖಾವ್ ಅಲುಗಾಡಿಸುತ್ತದೆ.

ಹನ್ನೆರಡು ವರ್ಷಗಳಲ್ಲಿ ಡಖಾವ್ ಮತ್ತು ಅದರ ಸುಮಾರು 140 ಉಪಶಿಬಿರಗಳನ್ನು ಹೊಕ್ಕವರು ಎರಡು ಲಕ್ಷಕ್ಕೂ ಹೆಚ್ಚು. ಸತ್ತವರು ಸುಮಾರು 41,500.

ಮೈಸೂರಿನ ನಂಟು

ಆ ಸತ್ತವರಲ್ಲಿ ಒಬ್ಬಳು ನೂರ್ ಇನಾಯತ್ ಖಾನ್. ತಂದೆ ಹಝ್ರತ್ ಇನಾಯತ್ ಖಾನ್ ಬಡೋದೆಯಲ್ಲಿ ಹುಟ್ಟಿದ ಸಂಗೀತಗಾರ ಮತ್ತು ಪಾಶ್ಚಾತ್ಯ ಜಗತ್ತಿಗೆ ಸೂಫಿ ಚಿಂತನೆಯನ್ನು ಪರಿಚಯಿಸಿದವರು. ತಾಯಿ ಅಮೆರಿಕದ ಓರಾ ರೇ ಬೇಕರ್, ಮದುವೆಯ ನಂತರ ಅಮೀನಾ ಬೇಗಂ. ಇನಾಯತ್ ಖಾನರ ತಾಯಿಯ ತಂದೆ ಮೌಲಾ ಬಕ್ಷ್ ಆ ಕಾಲದ ದೊಡ್ಡ ಸಂಗೀತ ವಿದ್ವಾಂಸರು. ದಕ್ಷಿಣದ ಸಂಗೀತವನ್ನೂ ಕಲಿತು ಮೈಸೂರಿನ ಆಸ್ಥಾನದಲ್ಲಿ ಮನ್ನಣೆ ಪಡೆದವರು. ಅವರು ಮದುವೆಯಾದದ್ದು ಟಿಪ್ಪು ಸುಲ್ತಾನರ ವಂಶದ ಹೆಣ್ಣನ್ನು ಎಂಬುದು ಆ ಕುಟುಂಬ ಕಾಪಾಡಿಕೊಂಡು ಬಂದಿರುವ ಪರಂಪರೆ. ಶ್ರೀರಂಗಪಟ್ಟಣದ ಪತನದ ನಂತರ ಟಿಪ್ಪುವಿನ ಮಕ್ಕಳನ್ನು ಬ್ರಿಟಿಷರು ವೆಲ್ಲೂರಿನ ಕೋಟೆಯಲ್ಲಿಟ್ಟು, 1806ರ ಸಿಪಾಯಿ ದಂಗೆಯ ಬಳಿಕ ಕಲ್ಕತ್ತಕ್ಕೆ ಸಾಗಿಸಿದ್ದರು. ಬಂಧನ ಎಂದರೇನೆಂದು ಆ ಮನೆತನಕ್ಕೆ ಹೇಳಿಕೊಡಬೇಕಾಗಿರಲಿಲ್ಲ.

ನೂರ್ ಹುಟ್ಟಿದ್ದು 1914ರ ಜನವರಿ 1ರಂದು ಮಾಸ್ಕೋದಲ್ಲಿ, ಬೆಳೆದದ್ದು ಪ್ಯಾರಿಸ್ ಬಳಿಯ ಸುರೇನ್‌ನಲ್ಲಿ. ಮನೆಯ ಹೆಸರು ‘ಫಝಲ್ ಮಂಝಿಲ್’. ವೀಣೆ ನುಡಿಸುತ್ತಿದ್ದಳು, ಮಕ್ಕಳಿಗೆ ಕಥೆ ಬರೆಯುತ್ತಿದ್ದಳು. ಬುದ್ಧನ ಜಾತಕ ಕಥೆಗಳನ್ನು ಮಕ್ಕಳಿಗಾಗಿ ಹೇಳಿದ ಆಕೆಯ ಪುಸ್ತಕ 1939ರಲ್ಲಿ ಪ್ರಕಟವಾಯಿತು. 1940ರಲ್ಲಿ ಜರ್ಮನರು ಫ್ರಾನ್ಸನ್ನು ಆಕ್ರಮಿಸಿದಾಗ ಕುಟುಂಬ ಇಂಗ್ಲೆಂಡಿಗೆ ಹೋಯಿತು. ಅಹಿಂಸೆಯ ವಾತಾವರಣದಲ್ಲಿ ಬೆಳೆದ ಈ ಯುವತಿ ನಾಝಿಸಂ ಅನ್ನು ಸುಮ್ಮನೆ ನೋಡುತ್ತ ಕೂರುವುದು ಸಾಧ್ಯವಿಲ್ಲವೆಂದು ಬ್ರಿಟಿಷ್ ವಾಯುಪಡೆಯ ಮಹಿಳಾ ವಿಭಾಗ ಸೇರಿದಳು. ಅದೇ ಸಮಯಕ್ಕೆ ಭಾರತ ಸ್ವತಂತ್ರವಾಗಬೇಕೆಂದೂ ಬಯಸಿದ್ದಳು. ಆಕೆಗೆ ಈ ಎರಡರಲ್ಲಿ ವಿರೋಧ ಕಾಣಿಸಲಿಲ್ಲ. ದಬ್ಬಾಳಿಕೆ ಯಾರದ್ದಾದರೂ ದಬ್ಬಾಳಿಕೆಯೇ.

1943ರ ಜೂನ್‌ನಲ್ಲಿ ಆಕೆಯನ್ನು ರಹಸ್ಯವಾಗಿ ಫ್ರಾನ್ಸಿಗೆ ಇಳಿಸಲಾಯಿತು. ಆಕ್ರಮಿತ ಫ್ರಾನ್ಸಿಗೆ ಲಂಡನ್ ಕಳಿಸಿದ ಮೊದಲ ಮಹಿಳಾ ವೈರ್‌ಲೆಸ್ ಆಪರೇಟರ್ ಆಕೆ, ಗುಪ್ತನಾಮ ಮೆಡೆಲೀನ್. ಕೆಲವೇ ದಿನಗಳಲ್ಲಿ ಅವಳ ಜಾಲದ ಜೊತೆಗಾರರೆಲ್ಲ ಸೆರೆಸಿಕ್ಕರು. ಮರಳಿ ಬಾ ಎಂದು ಲಂಡನ್ ಕರೆದರೂ ಒಪ್ಪದೆ, ಭಾರವಾದ ವೈರ್‌ಲೆಸ್ ಪೆಟ್ಟಿಗೆ ಹೊತ್ತು ಪ್ಯಾರಿಸ್‌ನಲ್ಲಿ ಮನೆಯಿಂದ ಮನೆಗೆ ಅಲೆಯುತ್ತ ಸಂದೇಶ ಕಳಿಸಿದಳು. ಅಕ್ಟೋಬರ್‌ನಲ್ಲಿ ಯಾರೋ ಮಾಡಿದ ದ್ರೋಹದಿಂದ ಸಿಕ್ಕಿಬಿದ್ದಳು. ತಪ್ಪಿಸಿಕೊಳ್ಳಲು ಯತ್ನಿಸಿ ಮತ್ತೆ ಸಿಕ್ಕಿಬಿದ್ದ ಮೇಲೆ ಜರ್ಮನಿಯ ಫೋರ್ಝ್‌ಹೈಮ್ ಸೆರೆಮನೆಯಲ್ಲಿ ಕೈಕಾಲುಗಳಿಗೆ ಸಂಕೋಲೆ ತೊಡಿಸಿ ಒಂಟಿ ಕೋಣೆಯಲ್ಲಿಟ್ಟರು. ಸುಮಾರು ಹತ್ತು ತಿಂಗಳು ಹೀಗೆ ಕಳೆಯಿತು. 1944ರ ಸೆಪ್ಟೆಂಬರ್ 13ರ ಮುಂಜಾನೆ ಡಖಾವ್‌ನ ಶವ ಸುಡುವ ಕುಲುಮೆಗಳ ಬಳಿ ಯೋಲಾಂಡ್ ಬೀಕ್‌ಮನ್, ಎಲಿಯಾನ್ ಪ್ಲ್ಯೂಮನ್, ಮೆಡೆಲೀನ್ ದಮೆರ್‌ಮಾನ್ ಎಂಬ ಮೂವರು ಒಡನಾಡಿಗಳ ಜೊತೆ ನೂರ್‌ಳನ್ನು ಗುಂಡಿಟ್ಟು ಕೊಂದರು. ಆಗ ಆಕೆಗೆ ಮೂವತ್ತು ವರ್ಷ. ಬಿಡುಗಡೆಗೆ ಇನ್ನು ಏಳೂವರೆ ತಿಂಗಳಿತ್ತು.

1949ರಲ್ಲಿ ಬ್ರಿಟನ್ ಆಕೆಗೆ ಮರಣೋತ್ತರ ಜಾರ್ಜ್ ಕ್ರಾಸ್ ನೀಡಿತು. 2012ರಲ್ಲಿ ಲಂಡನ್‌ನ ಗಾರ್ಡನ್ ಸ್ಕ್ವೇರ್‌ನಲ್ಲಿ ಆಕೆಯ ಪ್ರತಿಮೆ ಅನಾವರಣವಾಯಿತು. ಡಖಾವ್‌ನ ಕುಲುಮೆ ಕಟ್ಟಡದ ಗೋಡೆಯ ಫಲಕದಲ್ಲಿ ಆ ನಾಲ್ವರ ಹೆಸರುಗಳಿವೆ.

ಕೊನೆಯ ವಾರ

ಪೂರ್ವದಿಂದ ಸೋವಿಯತ್ ಸೇನೆ, ಪಶ್ಚಿಮದಿಂದ ಅಮೆರಿಕ ಮತ್ತು ಬ್ರಿಟನ್ ಒತ್ತಿ ಬರುತ್ತಿದ್ದಂತೆ ನಾಝಿಗಳು ಗಡಿಭಾಗದ ಶಿಬಿರಗಳನ್ನು ತೆರವು ಮಾಡಿ ಕೈದಿಗಳನ್ನು ಒಳನಾಡಿಗೆ ಅಟ್ಟಿದರು. ಸುಮಾರು ಆರು ಸಾವಿರ ಜನರಿಗೆಂದು ಕಟ್ಟಿದ್ದ ಡಖಾವ್‌ನಲ್ಲಿ ಮೂವತ್ತು ಸಾವಿರಕ್ಕೂ ಮೀರಿದ ಜನ ತುಂಬಿದರು. ಒಂದೊಂದು ಹಲಗೆಯ ಮೇಲೆ ಮೂರು ನಾಲ್ಕು ಮಂದಿ. 1944ರ ಕೊನೆಯಲ್ಲಿ ಹೇನುಗಳಿಂದ ಹರಡುವ ಟೈಫಸ್ ಜ್ವರ ಹಬ್ಬಿ ಸಾವಿರಾರು ಜನ ಸತ್ತರು. ಕುಲುಮೆಗೆ ಕಲ್ಲಿದ್ದಲು ಇಲ್ಲದಾಯಿತು. ರೋಗಿಗಳ ಬರಾಕಿಗೆ ಹೋಗಲು ಕಾವಲುಗಾರರೇ ಹೆದರುತ್ತಿದ್ದಾಗ ಕೆಲವು ಪೋಲಿಷ್ ಪಾದ್ರಿಗಳು ತಾವಾಗಿ ಶುಶ್ರೂಷೆಗೆ ಹೋದರು. ಅವರಲ್ಲೊಬ್ಬರಾದ ಸ್ಟೆಫಾನ್ ಫ್ರೆಲಿಕೋವ್ಸ್ಕಿ ಅದೇ ಜ್ವರ ತಗಲಿ 1945ರ ಫೆಬ್ರವರಿಯಲ್ಲಿ ತೀರಿಕೊಂಡರು.

ಎಪ್ರಿಲ್ 26ರಂದು ಸುಮಾರು ಏಳು ಸಾವಿರ ಕೈದಿಗಳನ್ನು ದಕ್ಷಿಣದ ಪರ್ವತಗಳ ಕಡೆಗೆ ನಡೆಸಿಕೊಂಡು ಹೊರಟರು. ನಡೆಯಲಾಗದವರಿಗೆ ದಾರಿಯಲ್ಲೇ ಗುಂಡು. ಫ್ರಾನ್ಸಿನ ಮಾಜಿ ಪ್ರಧಾನಿ ಲಿಯೋನ್ ಬ್ಲುಂ, ಪಾದ್ರಿ ನೀಮೊಲರ್ ಮುಂತಾದ ನೂರಕ್ಕೂ ಹೆಚ್ಚು ‘ವಿಶೇಷ’ ಕೈದಿಗಳನ್ನು ಒತ್ತೆಯಾಳುಗಳಾಗಿ ಬೇರೆಯೇ ಸಾಗಿಸಿದರು; ಇಟಲಿಯ ಗಡಿಯಾಚೆ ಅವರು ಬಿಡುಗಡೆ ಹೊಂದಿದರು.

ಇತ್ತ ಒಳಗಿದ್ದವರು ಕೈಕಟ್ಟಿ ಕೂತಿರಲಿಲ್ಲ. ಬೇರೆ ಬೇರೆ ದೇಶಗಳ ಕೈದಿಗಳು ಸೇರಿ ಗುಟ್ಟಾಗಿ ಅಂತಾರಾಷ್ಟ್ರೀಯ ಸಮಿತಿಯೊಂದನ್ನು ರಚಿಸಿಕೊಂಡರು. ಪ್ಯಾಟ್ರಿಕ್ ಓ’ಲಿಯರಿ ಎಂಬ ಗುಪ್ತನಾಮದ ಬೆಲ್ಜಿಯಂ ವೈದ್ಯ ಆಲ್ಬರ್ಟ್ ಗೆರಿಸ್ ಅದರ ಮುಖ್ಯಸ್ಥ. ಹೊರಟು ನಿಲ್ಲಿರೆಂಬ ಆಜ್ಞೆಗಳನ್ನು ಸಾಧ್ಯವಾದಷ್ಟು ತಡಮಾಡುವುದು, ಗೊಂದಲ ಹುಟ್ಟಿಸುವುದು, ಇರುವ ಆಹಾರ ಹಂಚುವುದು ಅವರ ಕೆಲಸವಾಯಿತು. ಒಂದೊಂದು ಗಂಟೆ ಉಳಿಸಿದರೂ ಒಂದಷ್ಟು ಜೀವ ಉಳಿಯುತ್ತಿತ್ತು. ಎಪ್ರಿಲ್ 28ರಂದು ಶಿಬಿರದಿಂದ ತಪ್ಪಿಸಿಕೊಂಡ ಕೆಲವು ಕೈದಿಗಳು ಮತ್ತು ಡಖಾವ್ ಊರಿನ ಕೆಲವು ನಾಗರಿಕರು ಕೂಡಿ ಪುರಭವನವನ್ನು ವಶಪಡಿಸಿಕೊಂಡರು. ಎಸ್‌ಎಸ್ ಪಡೆ ಆ ದಂಗೆಯನ್ನು ಅಂದೇ ಹತ್ತಿಕ್ಕಿ ಕೆಲವರನ್ನು ಗುಂಡಿಟ್ಟು ಕೊಂದಿತು. ಊರಿನವರೆಲ್ಲ ಸುಮ್ಮನಿದ್ದರು ಎಂಬ ಮಾತಿಗೆ ಈ ಸತ್ತವರು ಅಪವಾದ.

ಆ ಭಾನುವಾರ

ಎಪ್ರಿಲ್ 29ರಂದು ಅಮೆರಿಕದ ಏಳನೆಯ ಸೇನೆಯ 45 ಮತ್ತು 42ನೆಯ ಡಿವಿಜನ್‌ಗಳ ತುಕಡಿಗಳು ಬೇರೆ ಬೇರೆ ದಿಕ್ಕಿನಿಂದ ಶಿಬಿರದತ್ತ ಬಂದವು. ಹೊರಗೆ ರೈಲು ಹಳಿಯ ಮೇಲೆ ಸುಮಾರು ನಲವತ್ತು ಬೋಗಿಗಳ ಗಾಡಿಯೊಂದು ನಿಂತಿತ್ತು. ಎಪ್ರಿಲ್ 7ರಂದು ಬುಖೆನ್‌ವಾಲ್ಡ್‌ನಿಂದ ಹೊರಟು ಮೂರು ವಾರ ಅಲೆದು ಬಂದ ಗಾಡಿ ಅದು. ಒಳಗೆ ಎರಡು ಸಾವಿರಕ್ಕೂ ಹೆಚ್ಚು ಹೆಣಗಳು. ಹಸಿವು, ಬಾಯಾರಿಕೆ, ಚಳಿಯಿಂದ ಸತ್ತವರು. ಯುದ್ಧಭೂಮಿಯಲ್ಲಿ ಸಾವಿರ ಸಾವು ಕಂಡಿದ್ದ ಸೈನಿಕರು ಅಲ್ಲಿ ಅತ್ತರು, ವಾಂತಿ ಮಾಡಿಕೊಂಡರು, ಕೋಪದಿಂದ ಕುದಿದರು.

ಆ ಕೋಪದ ಫಲವನ್ನೂ ನಾವು ಮರೆಮಾಚುವಂತಿಲ್ಲ. ಶರಣಾಗಿದ್ದ ಎಸ್‌ಎಸ್‌ನವರಲ್ಲಿ ಹಲವರನ್ನು ಕಲ್ಲಿದ್ದಲು ಅಂಗಳದ ಗೋಡೆಗೆ ನಿಲ್ಲಿಸಿ ಮಷೀನ್‌ಗನ್ನಿನಿಂದ ಹೊಡೆಯಲಾಯಿತು. ತುಕಡಿಯ ನಾಯಕ ಲೆಫ್ಟಿನೆಂಟ್ ಕರ್ನಲ್ ಫೆಲಿಕ್ಸ್ ಸ್ಪಾರ್ಕ್ಸ್ ಓಡಿಬಂದು ಪಿಸ್ತೂಲನ್ನು ಆಕಾಶಕ್ಕೆ ಹಾರಿಸಿ ಅದನ್ನು ತಡೆದರು. ಸೇನೆ ತನಿಖೆ ನಡೆಸಿತಾದರೂ ಯಾರ ಮೇಲೂ ಸೇನಾ ನ್ಯಾಯಾಲಯದ ವಿಚಾರಣೆ ನಡೆಯಲಿಲ್ಲ. ಕೊಲೆಗಡುಕರ ಮೇಲೆ ಕನಿಕರ ಹುಟ್ಟುವುದು ಕಷ್ಟ. ಆದರೆ ಶರಣಾದವನನ್ನು ಕೊಲ್ಲಬಾರದೆಂಬ ನಿಯಮ ಒಳ್ಳೆಯವರಿಗಾಗಿ ಮಾಡಿದ್ದಲ್ಲ. ಅದು ಕೆಟ್ಟವರಿಗೂ ಅನ್ವಯಿಸಿದಾಗಲೇ ನಿಯಮವೆನಿಸುತ್ತದೆ. ಸ್ಪಾರ್ಕ್ಸ್ ಎತ್ತಿದ ಕೈ ಆ ದಿನದ ಘನತೆಯನ್ನು ಉಳಿಸಿತು.

ಮುಖ್ಯ ಶಿಬಿರದ ಬಾಗಿಲಲ್ಲಿ ರೆಡ್‌ಕ್ರಾಸ್‌ನ ಪ್ರತಿನಿಧಿ ವಿಕ್ಟರ್ ಮಾವ್ರರ್ ಬಿಳಿ ಬಟ್ಟೆ ಹಿಡಿದು ನಿಂತಿದ್ದರು. ಅವರ ಜೊತೆ ಬಂದ ಎಸ್‌ಎಸ್ ಅಧಿಕಾರಿ, ಬ್ರಿಗೇಡಿಯರ್ ಜನರಲ್ ಹೆನ್ನಿಂಗ್ ಲಿಂಡನ್‌ಗೆ ಶಿಬಿರವನ್ನು ಒಪ್ಪಿಸಿದ. ‘ಅಮೆರಿಕನ್ನರು ಬಂದರು’ ಎಂಬ ಸುದ್ದಿ ಹಬ್ಬಿದ್ದೇ ತಡ ಬರಾಕುಗಳಿಂದ ಜನಸಾಗರ ಹಾಜರಿ ಮೈದಾನಕ್ಕೆ ನುಗ್ಗಿತು. ಸುಮಾರು 32,000 ಜನ. ಕೆಲವರು ಕೂಗಿದರು, ಕೆಲವರು ಸೈನಿಕರ ಬೂಟುಗಳನ್ನು ಮುಟ್ಟಿದರು, ಎದ್ದು ನಿಲ್ಲಲಾಗದವರು ಹಲಗೆಗಳ ಮೇಲೆ ಮಲಗಿಯೇ ಕಣ್ಣು ತೆರೆದರು. ಗುಟ್ಟಾಗಿ ಹೊಲಿದಿಟ್ಟಿದ್ದ ತಮ್ಮ ತಮ್ಮ ದೇಶಗಳ ಧ್ವಜಗಳು ಹೊರಬಂದವು.

ಎಲ್ಲರಿಗೂ ಅಂದು ಸಂತೋಷವಾಯಿತೆಂದು ಹೇಳಲಾಗದು. ಎರಡು ದಿನ ಮೊದಲು ಡಖಾವ್‌ನ ಉಪಶಿಬಿರವೊಂದರಿಂದ ಬಿಡುಗಡೆಯಾದ ವಿಯೆನ್ನಾದ ಮನೋವೈದ್ಯ ವಿಕ್ಟರ್ ಫ್ರಾಂಕ್ಲ್ ಇದನ್ನು ಬರೆದಿಟ್ಟಿದ್ದಾರೆ. ಬಿಡುಗಡೆಯಾದವರು ಹೊರಗೆ ನಡೆದು ಹೂವುಗಳ ಬಯಲು ಕಂಡರಂತೆ, ಆದರೆ ಮನಸ್ಸಿಗೆ ಏನೂ ಅನಿಸಲಿಲ್ಲವಂತೆ. ಸಂತೋಷಪಡುವ ಶಕ್ತಿಯನ್ನೇ ಅವರು ಕಳೆದುಕೊಂಡಿದ್ದರು. ಅದನ್ನು ಮೆಲ್ಲನೆ ಮತ್ತೆ ಕಲಿಯಬೇಕಾಗಿತ್ತು.

ಬಾಗಿಲು ತೆರೆದ ಮೇಲೆ

ಸೈನಿಕರು ಕರುಣೆಯಿಂದ ತಮ್ಮಲ್ಲಿದ್ದ ಚಾಕೊಲೆಟ್, ಡಬ್ಬಿಯ ಮಾಂಸ ಹಂಚಿದರು. ತಿಂಗಳುಗಟ್ಟಲೆ ಹಸಿದ ಕರುಳಿಗೆ ಅದು ವಿಷವಾಯಿತು. ದಾನಕ್ಕೂ ತಿಳಿವಳಿಕೆ ಬೇಕೆಂಬ ಪಾಠವನ್ನು ವೈದ್ಯರು ಬಂದು ಕಲಿಸಬೇಕಾಯಿತು. ಸೇನೆಯ ಎರಡು ಆಸ್ಪತ್ರೆ ಘಟಕಗಳು ಬಂದು ನೆಲೆಯೂರಿದವು. ಹೇನು ಕೊಲ್ಲಲು ಎಲ್ಲರ ಮೈಗೆ ಡಿಡಿಟಿ ಪುಡಿ ಹೊಡೆದರು. ರೋಗ ಹೊರಗೆ ಹಬ್ಬದಿರಲೆಂದು ಶಿಬಿರಕ್ಕೆ ದಿಗ್ಬಂಧನ ಹಾಕಿದರು. ಹೀಗಾಗಿ ಬಿಡುಗಡೆಯಾದವರು ವಾರಗಟ್ಟಲೆ ಅದೇ ಬೇಲಿಯೊಳಗೆ ಉಳಿದರು. ಕಾವಲುಗಾರ ಬದಲಾಗಿದ್ದ, ಬೇಲಿ ಅದೇ ಇತ್ತು. ಆ ಮೇ ತಿಂಗಳೊಂದರಲ್ಲೇ ಎರಡು ಸಾವಿರಕ್ಕೂ ಹೆಚ್ಚು ಜನ ಸತ್ತರು. ಸ್ವತಂತ್ರರಾಗಿ ಸತ್ತರು ಎಂಬುದಷ್ಟೇ ಸಮಾಧಾನ.

ಇಷ್ಟರ ನಡುವೆಯೂ ಮನುಷ್ಯರು ತಮ್ಮ ದೇವರನ್ನು ನೆನೆದರು. ಮೇ 6ರಂದು ಆರ್ಥೊಡಾಕ್ಸ್ ಕ್ರೈಸ್ತರ ಈಸ್ಟರ್. ಗ್ರೀಕ್, ಸರ್ಬಿಯನ್, ರಷ್ಯನ್ ಕೈದಿಗಳು ಸೇರಿ ಅದನ್ನು ಆಚರಿಸಿದರು. ಪಾದ್ರಿಗಳಿಗೆ ನಿಲುವಂಗಿಗಳಿರಲಿಲ್ಲ, ಎಸ್‌ಎಸ್‌ನವರ ಉಗ್ರಾಣದ ಟವೆಲುಗಳನ್ನೇ ಹೊದ್ದರು. ಅದೇ ದಿನಗಳಲ್ಲಿ ಅಮೆರಿಕ ಸೇನೆಯ ರಬ್ಬಿಯೊಬ್ಬರ ನೇತೃತ್ವದಲ್ಲಿ ಯಹೂದಿಯರ ಪ್ರಾರ್ಥನೆಯೂ ನಡೆಯಿತು.

ಪೋಲೆಂಡ್, ಹಂಗೇರಿ, ಲಿಥುವೇನಿಯಾದ ಯಹೂದಿಯರಿಗೆ ಹಿಂದಿರುಗಲು ಮನೆಯಿರಲಿಲ್ಲ, ಮನೆಯವರೂ ಇರಲಿಲ್ಲ. ಅವರು ನಿರಾಶ್ರಿತರ ಶಿಬಿರ ಸೇರಿದರು. 1945ರ ಬೇಸಿಗೆಯಲ್ಲಿ ಅಧ್ಯಕ್ಷ ಟ್ರೂಮನ್ ಕಳಿಸಿದ ಅರ್ಲ್ ಹ್ಯಾರಿಸನ್, ಬದುಕುಳಿದವರನ್ನು ಇನ್ನೂ ಮುಳ್ಳುತಂತಿಯ ಹಿಂದೆಯೇ ಇಡಲಾಗಿದೆಯೆಂದು ಕಟುವಾಗಿ ವರದಿ ಮಾಡಿದರು. ಮುಂದೆ ಹಲವರು ಅಮೆರಿಕಕ್ಕೆ, ಹಲವರು ಫೆಲೆಸ್ತೀನಿಗೆ ಹೋದರು. 1948ರಲ್ಲಿ ಫೆಲೆಸ್ತೀನಿಯರು ಮನೆ, ಹೊಲ ಕಳೆದುಕೊಂಡ ಕಥೆ ಪ್ರತ್ಯೇಕ ಲೇಖನಕ್ಕೆ ತಕ್ಕ ವಿಷಯ. ಇಲ್ಲಿ ಒಂದು ಮಾತಷ್ಟೇ ಹೇಳುತ್ತೇವೆ. ಆ ಅನ್ಯಾಯವನ್ನು ಖಂಡಿಸುವ ಭರದಲ್ಲಿ ಯಹೂದಿಯರ ಹತ್ಯಾಕಾಂಡವೇ ಸುಳ್ಳು, ಉತ್ಪ್ರೇಕ್ಷೆ ಎನ್ನುವ ಮಾತು ನಮ್ಮ ನಡುವೆಯೂ ಕೆಲವೊಮ್ಮೆ ಕೇಳಿಬರುತ್ತದೆ. ಒಂದು ಸಮುದಾಯದ ನೋವನ್ನು ಸುಳ್ಳೆಂದು ಹೇಳಿ ಇನ್ನೊಂದು ಸಮುದಾಯಕ್ಕೆ ನ್ಯಾಯ ಕೇಳಲಾಗದು. ಸತ್ಯಕ್ಕೆ ಸಾಕ್ಷಿ ನಿಲ್ಲಬೇಕೆಂಬ ಆದೇಶಕ್ಕೆ ನಮ್ಮವರು, ಅನ್ಯರು ಎಂಬ ಭೇದವಿಲ್ಲ.

ಬಿಡಿಸಲು ಬಂದವರ ಮನೆಯವರು

ಡಖಾವ್‌ನ ಸುತ್ತಲಿನ ಉಪಶಿಬಿರಗಳ ಕಡೆ ಬಂದ ಅಮೆರಿಕನ್ ತುಕಡಿಗಳಲ್ಲಿ 522ನೆಯ ಫಿರಂಗಿ ಬೆಟಾಲಿಯನ್ ಒಂದು. ಅದರ ಸೈನಿಕರು ಜಪಾನಿ ಮೂಲದ ಅಮೆರಿಕನ್ನರು. ಮೇ 2ರಂದು ವಾಕಿರ್ಶೆನ್ ಎಂಬ ಊರಿನ ಬಳಿ ಹಿಮದಲ್ಲಿ ಬಿದ್ದಿದ್ದ ಕೈದಿಗಳನ್ನು ಅವರು ಕಂಡರು. ಡಖಾವ್‌ನಿಂದ ದಕ್ಷಿಣಕ್ಕೆ ಅಟ್ಟಲ್ಪಟ್ಟಿದ್ದವರು ಇವರು. ಸೈನಿಕರು ಅವರನ್ನು ಎತ್ತಿ ಬೆಚ್ಚಗಿನ ಜಾಗಕ್ಕೆ ಸಾಗಿಸಿದರು.

ಆದರೆ ಆ ಸೈನಿಕರಲ್ಲಿ ಅನೇಕರ ತಂದೆತಾಯಿ, ಅಕ್ಕತಂಗಿಯರು ಅಮೆರಿಕದಲ್ಲಿ ಎಲ್ಲಿದ್ದರು? ಮುಳ್ಳುತಂತಿಯ ಹಿಂದೆ. 1942ರ ಫೆಬ್ರವರಿಯಲ್ಲಿ ಅಧ್ಯಕ್ಷ ರೂಸ್‌ವೆಲ್ಟ್ ಹೊರಡಿಸಿದ ಆದೇಶದ ಮೇರೆಗೆ ಸುಮಾರು 1,20,000 ಜಪಾನಿ ಮೂಲದವರನ್ನು ಮನೆಗಳಿಂದ ಎಬ್ಬಿಸಿ ಮರುಭೂಮಿಯ ಶಿಬಿರಗಳಲ್ಲಿ ಇಟ್ಟಿದ್ದರು. ಅವರಲ್ಲಿ ಮೂರನೇ ಎರಡರಷ್ಟು ಜನ ಅಮೆರಿಕದ ನಾಗರಿಕರು. ಅಲ್ಲಿ ಕುಲುಮೆಗಳಿರಲಿಲ್ಲ, ಡಖಾವ್‌ಗೂ ಅವಕ್ಕೂ ಹೋಲಿಕೆ ಸಲ್ಲದು. ಆದರೂ ಮೂಲದಲ್ಲಿ ಒಂದು ಸಾಮ್ಯವಿತ್ತು: ಒಬ್ಬನು ಏನು ಮಾಡಿದ ಎಂದು ನೋಡದೆ, ಅವನು ಯಾರ ಮಗ ಎಂದು ನೋಡಿ ಕೂಡಿಹಾಕುವುದು. 1988ರಲ್ಲಿ ಅಮೆರಿಕ ಕಾನೂನಿನ ಮೂಲಕ ಕ್ಷಮೆ ಕೇಳಿ, ಬದುಕಿದ್ದ ಪ್ರತಿಯೊಬ್ಬರಿಗೂ 20,000 ಡಾಲರ್ ಪರಿಹಾರ ನೀಡಿತು. ಪ್ರಜಾಪ್ರಭುತ್ವಕ್ಕೂ ಭಯ ಹಿಡಿಯುತ್ತದೆ. ತಪ್ಪನ್ನು ತಪ್ಪೆಂದು ಹೇಳುವ ದಾರಿ ಅಲ್ಲಿ ಮುಚ್ಚಿರಲಿಲ್ಲ ಎಂಬುದೇ ವ್ಯತ್ಯಾಸ.

ನ್ಯಾಯ ಮತ್ತು ನೆನಪು

1945ರ ನವೆಂಬರ್ 15ರಂದು ಡಖಾವ್‌ನ ಆವರಣದಲ್ಲೇ ಅಮೆರಿಕದ ಸೇನಾ ನ್ಯಾಯಾಲಯ ಶಿಬಿರದ 40 ಜನರ ವಿಚಾರಣೆ ಆರಂಭಿಸಿತು. 36 ಮಂದಿಗೆ ಮರಣದಂಡನೆ ವಿಧಿಸಲಾಯಿತು, ವಿಜ್ಞಾನಿ ಶಿಲಿಂಗ್ ಸಹಿತ 28 ಮಂದಿಯನ್ನು 1946ರ ಮೇ ತಿಂಗಳಲ್ಲಿ ಗಲ್ಲಿಗೇರಿಸಲಾಯಿತು.

ಆಮೇಲೆ ಮರೆವು ಶುರುವಾಯಿತು. 1948ರಿಂದ ಬರಾಕುಗಳಲ್ಲಿ ಪೂರ್ವದಿಂದ ಹೊರಹಾಕಲ್ಪಟ್ಟ ಜರ್ಮನ್ ನಿರಾಶ್ರಿತರು ಸಂಸಾರ ಹೂಡಿದರು. ಎಲ್ಲವನ್ನೂ ಕೆಡವಿ ಮರೆತುಬಿಡುವ ಮಾತು ಕೇಳಿಬಂದಾಗ ಅಡ್ಡ ನಿಂತವರು ಬದುಕುಳಿದ ಕೈದಿಗಳೇ. ಅವರ ಸತತ ಒತ್ತಾಯದಿಂದ 1965ರಲ್ಲಿ, ಅಂದರೆ ಬಿಡುಗಡೆಯ ಇಪ್ಪತ್ತು ವರ್ಷಗಳ ನಂತರ, ಅಲ್ಲಿ ಸ್ಮಾರಕ ತೆರೆಯಿತು. 1968ರಲ್ಲಿ ಯುಗೋಸ್ಲಾವಿಯಾದ ಶಿಲ್ಪಿ ನಾಂದೋರ್ ಗ್ಲಿಡ್ ಮಾಡಿದ ಶಿಲ್ಪ ನಿಂತಿತು. ಮುಳ್ಳುತಂತಿಗೆ ಸಿಕ್ಕಿಕೊಂಡ ಒಣಕಲು ದೇಹಗಳೇ ಅದರ ಆಕಾರ.

ಆಗಲೂ ಕೆಲವರ ಪಾಲಿಗೆ ಬಾಗಿಲು ತೆರೆದಿರಲಿಲ್ಲ. ರೋಮಾ ಮತ್ತು ಸಿಂತಿ ಜನರನ್ನು, ಅಂದರೆ ಯುರೋಪಿನವರು ‘ಜಿಪ್ಸಿ’ಗಳೆಂದು ಕರೆಯುತ್ತಿದ್ದವರನ್ನು, ನಾಝಿಗಳು ಜನಾಂಗದ ಹೆಸರಿನಲ್ಲೇ ಲಕ್ಷಗಟ್ಟಲೆ ಕೊಂದಿದ್ದರು. ಅವರ ಭಾಷೆಯ ಬೇರು ನಮ್ಮ ಭಾರತದಲ್ಲಿದೆ. ಆದರೆ ಯುದ್ಧಾನಂತರವೂ ಜರ್ಮನಿಯ ಅಧಿಕಾರಿಗಳು ಅವರನ್ನು ಅಪರಾಧಿ ಪ್ರವೃತ್ತಿಯವರೆಂದೇ ನೋಡಿದರು. ಪರಿಹಾರದ ಅರ್ಜಿಗಳು ತಿರಸ್ಕೃತವಾದವು. 1980ರ ಗುಡ್ ಫ್ರೈಡೇ ದಿನ ಹನ್ನೆರಡು ಮಂದಿ ಡಖಾವ್ ಸ್ಮಾರಕದ ಆವರಣದಲ್ಲಿ ಉಪವಾಸ ಸತ್ಯಾಗ್ರಹಕ್ಕೆ ಕೂತರು. ಅವರಲ್ಲಿ ಶಿಬಿರಗಳಿಂದ ಬದುಕುಳಿದವರೂ ಇದ್ದರು. ಜಗತ್ತು ತಿರುಗಿ ನೋಡಿತು. 1982ರಲ್ಲಿ ಪಶ್ಚಿಮ ಜರ್ಮನಿಯ ಚಾನ್ಸೆಲರ್ ಹೆಲ್ಮುಟ್ ಶ್ಮಿಟ್ ಅದನ್ನು ಜನಾಂಗಹತ್ಯೆಯೆಂದು ಒಪ್ಪಿಕೊಂಡರು. 37 ವರ್ಷ ಹಿಡಿಯಿತು.

ಈಗ ನಾವು ಮೊದಲು ಕೇಳಿದ ಪ್ರಶ್ನೆಗೆ ಮರಳಬಹುದು. ಡಖಾವ್‌ನ ಬಾಗಿಲು ಮುಚ್ಚಿದ್ದು ಒಂದು ಸುಗ್ರೀವಾಜ್ಞೆಯಿಂದ. ಅದರ ಮೇಲೆ ಕೆಲವರ ಸಹಿ, ಬಹುಜನರ ಮೌನವಿತ್ತು. ಅದನ್ನು ತೆರೆಯಲು ಮಹಾಯುದ್ಧವೇ ಬೇಕಾಯಿತು. ಸೈನಿಕರು ಒಂದು ಮಧ್ಯಾಹ್ನದಲ್ಲಿ ಬೀಗ ಒಡೆದರು. ಮಿಕ್ಕ ಬಿಡುಗಡೆಯನ್ನು ವೈದ್ಯರು, ನ್ಯಾಯಾಲಯಗಳು, ಸಾಕ್ಷಿ ಹೇಳಿದ ಮುದುಕರು, ಉಪವಾಸ ಕೂತ ಹನ್ನೆರಡು ಜನ ಮಾಡಬೇಕಾಯಿತು. ಅನ್ಯಾಯವಾಗಿ ಒಂದು ಜೀವವನ್ನು ಕೊಂದವನು ಇಡೀ ಮಾನವಕುಲವನ್ನೇ ಕೊಂದಂತೆ, ಒಂದು ಜೀವವನ್ನು ಉಳಿಸಿದವನು ಇಡೀ ಮಾನವಕುಲವನ್ನೇ ಉಳಿಸಿದಂತೆ ಎಂಬ ಬೋಧನೆ ಕುರ್‌ಆನ್‌ನಲ್ಲಿದೆ. ಯಹೂದಿಯರ ಧರ್ಮಪರಂಪರೆಯಲ್ಲೂ ಇದೆ. ಹಾರ್ಟಿಂಗರ್ ಆ ಮಾತಿನಂತೆ ನಡೆದ, ನೂರ್ ನಡೆದಳು, ಜ್ವರದ ಬರಾಕಿಗೆ ಹೋದ ಪಾದ್ರಿ ನಡೆದರು. ಈ ಮೂವರೂ ಬಾಗಿಲು ತೆರೆಯುವವರೆಗೆ ಕಾಯಲಿಲ್ಲ.

ವಿಚಾರಣೆಯಿಲ್ಲದೆ ಒಬ್ಬನನ್ನು ಒಳಗೆ ಹಾಕಿದಾಗ ‘ಅವನು ಏನೋ ಮಾಡಿರಬೇಕು ಬಿಡಿ’ ಎಂದು ನಾವು ಸುಮ್ಮನಾಗುತ್ತೇವೆ. 1933ರ ಮಾರ್ಚ್‌ನಲ್ಲಿ ಪತ್ರಿಕೆಯಲ್ಲಿ ಆ ಸುದ್ದಿ ಓದಿದ ಮ್ಯೂನಿಕ್‌ನ ಬಹಳ ಮಂದಿ ಸಜ್ಜನರೂ ಸುಮ್ಮನಾದರು.